ಅಂತೆ ಕಂತೆಗಳ ಸಂತೆಯಲ್ಲಿ ಒಬ್ಬ ಸಿರಿವಂತಿಕೆಯ ಗುರು

'ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡು' ಎಂಬ ಗಾದೆಯನ್ನು ನಮ್ಮ ಹಿರಿಯರು ಮಾಡಿಟ್ಟು ಹೋಗಿದ್ದಾರೆ. ಕಣ್ಣಾರೆ ಕಂಡದ್ದನ್ನೂ ಮತ್ತೊಮ್ಮೆ ಪರೀಕ್ಷಿಸಿ ನೋಡಬೇಕೆಂದು ಹೇಳಿಕೊಟ್ಟ ಜನಪದರ ಮಕ್ಕಳಾದ ನಾವು, ಪುಸ್ತಕದ ರಕ್ಷಾಪುಟದಲ್ಲಿ ದಪ್ಪಕ್ಷರಗಳಲ್ಲಿ ಅಚ್ಚಾದುದನ್ನೆಲ್ಲ ಪರೀಕ್ಷೆಯಿಲ್ಲದೆ ನಂಬುವ ಸ್ಥಿತಿಗೆ ಬಂದಿರುವುದು ವಿಪರ್ಯಾಸವೇ ಸರಿ. ಅದರಲ್ಲಿಯೂ 'ವ್ಯಕ್ತಿತ್ವ ವಿಕಸನ' ಎಂಬ ಹಣೆಪಟ್ಟಿ ಹೊತ್ತು ಬರುವ ಗ್ರಂಥಗಳ ವಿಷಯದಲ್ಲಿ ನಮ್ಮ ವಿದ್ಯಾವಂತರು ತೋರುವ ಮುಗ್ಧತೆಯನ್ನು ಕಂಡಾಗ, ಮೂವತ್ತೆರಡು ವರ್ಷ ಪ್ರೌಢಶಾಲೆಯಲ್ಲಿ ಇತಿಹಾಸವನ್ನು ಬೋಧಿಸಿದ ನನಗೆ ಸುಮ್ಮನಿರಲಾಗುವುದಿಲ್ಲ. ಈ ಲೇಖನ ಕೆಲವರಿಗೆ ಕಹಿಯೆನಿಸಬಹುದು. ಆದರೆ ಹಾಗಲಕಾಯಿಯೂ ಊಟದ ಒಂದು ಭಾಗವೇ ಅಲ್ಲವೇ?

ಇಂದು ನಾನು ಎತ್ತಿಕೊಳ್ಳುವ ವ್ಯಕ್ತಿ ನೆಪೋಲಿಯನ್ ಹಿಲ್. ಆತನ 'ಥಿಂಕ್ ಅಂಡ್ ಗ್ರೋ ರಿಚ್' ಎಂಬ ಪುಸ್ತಕವನ್ನು ನೋಡದ ಪುಸ್ತಕದಂಗಡಿ, ಪುಸ್ತಕ ಮೇಳ, ರೈಲು ನಿಲ್ದಾಣದ ಮಳಿಗೆ ನಮ್ಮ ದೇಶದಲ್ಲಿ ವಿರಳ. ಪಾದಚಾರಿ ಮಾರ್ಗದ ಮೇಲೆ ಹರಡಿದ ಪುಸ್ತಕಗಳ ನಡುವೆಯೂ ಅದು ಇದ್ದೇ ಇರುತ್ತದೆ. ಕಾಲೇಜುಗಳ ಪ್ರೇರಣಾ ಶಿಬಿರಗಳಲ್ಲಿ ಭಾಷಣಕಾರರು ಆತನ ಹೆಸರನ್ನು ಋಷಿಗಳ ಹೆಸರಿನಂತೆ ಉಚ್ಚರಿಸುತ್ತಾರೆ. ಆತನ ಬದುಕಿನ ಬಗೆಗೆ ಒಂದು ಕಥೆಯಿದೆ, ಆತನ ಪುಸ್ತಕದ ಮಾರಾಟದ ಬಗೆಗೆ ಒಂದು ಅಂಕಿಯಿದೆ. ಈ ಎರಡನ್ನೂ ಇತಿಹಾಸದ ಒರೆಗಲ್ಲಿಗೆ ಉಜ್ಜಿ ನೋಡುವುದಷ್ಟೇ ನನ್ನ ಉದ್ದೇಶ.

ಮೊದಲು ನಿರ್ವಿವಾದವಾದ ಸಂಗತಿಗಳನ್ನು ಹೇಳಿಬಿಡುತ್ತೇನೆ. ಹಿಲ್ ಹುಟ್ಟಿದ್ದು 1883ರ ಅಕ್ಟೋಬರ್ 26ರಂದು, ಅಮೆರಿಕದ ವರ್ಜೀನಿಯಾ ರಾಜ್ಯದ ವೈಸ್ ಕೌಂಟಿ ಎಂಬ ಗುಡ್ಡಗಾಡು ಸೀಮೆಯ ಬಡ ಕುಟುಂಬದಲ್ಲಿ. ಬಾಲ್ಯದಲ್ಲೇ ತಾಯಿಯನ್ನು ಕಳೆದುಕೊಂಡ. ಎಳವೆಯಲ್ಲಿಯೇ ಸ್ಥಳೀಯ ಪತ್ರಿಕೆಗಳಿಗೆ ಬರೆಯತೊಡಗಿದ. 1928ರಲ್ಲಿ 'ದಿ ಲಾ ಆಫ್ ಸಕ್ಸೆಸ್' ಎಂಬ ಬೃಹದ್ಗ್ರಂಥವನ್ನೂ, ಮಹಾ ಆರ್ಥಿಕ ಕುಸಿತದ ಬಿಸಿ ಇನ್ನೂ ಆರಿರದ 1937ರಲ್ಲಿ 'ಥಿಂಕ್ ಅಂಡ್ ಗ್ರೋ ರಿಚ್' ಪುಸ್ತಕವನ್ನೂ ಪ್ರಕಟಿಸಿದ. 1970ರ ನವೆಂಬರ್ 8ರಂದು ತೀರಿಕೊಂಡ. ಇಷ್ಟರ ಬಗೆಗೆ ಯಾರದೂ ತಕರಾರಿಲ್ಲ. ತಕರಾರು ಇರುವುದು ಇವುಗಳ ನಡುವೆ ಹೆಣೆದ ಕಥೆಯ ಬಗೆಗೆ.

ಹಿಲ್ ತಾನೇ ಹೇಳಿಕೊಂಡ ಕಥೆ ಹೀಗಿದೆ. 1908ರಲ್ಲಿ ಯುವ ಪತ್ರಕರ್ತನಾಗಿ ಆತ ಉಕ್ಕಿನ ದೊರೆ ಆಂಡ್ರ್ಯೂ ಕಾರ್ನೆಗಿಯ ಸಂದರ್ಶನಕ್ಕೆ ಹೋದನಂತೆ. ಕೆಲವು ಗಂಟೆಗಳ ಭೇಟಿ ಮೂರು ದಿನಗಳಿಗೆ ಬೆಳೆಯಿತಂತೆ. ಯಶಸ್ಸಿನ ತತ್ತ್ವಶಾಸ್ತ್ರವೊಂದನ್ನು ರಚಿಸಬೇಕು, ಅದಕ್ಕಾಗಿ ಐನೂರಕ್ಕೂ ಹೆಚ್ಚು ಯಶಸ್ವೀ ವ್ಯಕ್ತಿಗಳನ್ನು ಸಂದರ್ಶಿಸಬೇಕು, ಇಪ್ಪತ್ತು ವರ್ಷ ದುಡಿಯಬೇಕು, ಪರಿಚಯ ಪತ್ರಗಳನ್ನು ಕೊಡುತ್ತೇನೆಯೇ ಹೊರತು ಸಂಬಳ ಕೊಡುವುದಿಲ್ಲ, ಒಪ್ಪಿಗೆಯೇ ಎಂದು ಕಾರ್ನೆಗಿ ಕೇಳಿದನಂತೆ. ಉತ್ತರ ಹೇಳಲು ಅರವತ್ತು ಸೆಕೆಂಡುಗಳ ಗಡುವು. ಕಾರ್ನೆಗಿಯ ಕೈಯಲ್ಲಿ ನಿಲುಗಡಿಯಾರ. ಹಿಲ್ ಇಪ್ಪತ್ತೊಂಬತ್ತನೆಯ ಸೆಕೆಂಡಿಗೇ 'ಒಪ್ಪಿದೆ' ಎಂದನಂತೆ! ಹೆನ್ರಿ ಫೋರ್ಡ್, ಥಾಮಸ್ ಎಡಿಸನ್, ಅಲೆಕ್ಸಾಂಡರ್ ಗ್ರಹಾಂ ಬೆಲ್, ರಾಕ್‌ಫೆಲರ್ ಮೊದಲಾದವರ ಒಡನಾಟದಿಂದ ಆಯ್ದ ಸಾರವೇ ತನ್ನ ಗ್ರಂಥಗಳೆಂದು ಆತನ ವಾದ. ಮುಂದೆ ಅಧ್ಯಕ್ಷರಾದ ವುಡ್ರೋ ವಿಲ್ಸನ್ ಮತ್ತು ಫ್ರಾಂಕ್ಲಿನ್ ರೂಸ್‌ವೆಲ್ಟ್ ಅವರಿಗೂ ತಾನು ಸಲಹೆ ನೀಡಿದ್ದಾಗಿ ಹೇಳಿಕೊಂಡ.

ಕಥೆ ಸೊಗಸಾಗಿದೆ. ಆದರೆ ಸೊಗಸಿಗೂ ಸತ್ಯಕ್ಕೂ ನಂಟಿರಲೇಬೇಕೆಂಬ ನಿಯಮವಿಲ್ಲ. ಈ ಭೇಟಿಗೆ ಸಾಕ್ಷಿ ಯಾರು? ಹಿಲ್ ಒಬ್ಬನೇ. ಆತ ಇದನ್ನು ಪುಸ್ತಕರೂಪದಲ್ಲಿ ಜಗತ್ತಿನ ಮುಂದಿಟ್ಟದ್ದು ಯಾವಾಗ? 1928ರಲ್ಲಿ. ಕಾರ್ನೆಗಿ ತೀರಿಕೊಂಡದ್ದು ಯಾವಾಗ? 1919ರ ಆಗಸ್ಟ್ 11ರಂದು. ಎಂದರೆ 'ಹೌದು' ಎನ್ನಲೋ 'ಇಲ್ಲ' ಎನ್ನಲೋ ಸಮರ್ಥನಾಗಿದ್ದ ಏಕೈಕ ವ್ಯಕ್ತಿ ಕಣ್ಮುಚ್ಚಿ ಒಂಬತ್ತು ವರ್ಷಗಳಾದ ಬಳಿಕ. ಸತ್ತವರ ಹೆಸರಿನಲ್ಲಿ ಸಾಕ್ಷ್ಯ ನುಡಿಯುವುದು ಎಷ್ಟು ಸುಲಭವೆಂಬುದು ನಮ್ಮ ಹಳ್ಳಿಗಳ ಜಮೀನು ವ್ಯಾಜ್ಯಗಳನ್ನು ಬಲ್ಲವರಿಗೆ ವಿವರಿಸಬೇಕಾಗಿಲ್ಲ.

ಕಾರ್ನೆಗಿ ಗುಟ್ಟಾಗಿ ಬಾಳಿದ ಮನುಷ್ಯನಲ್ಲ. 1835ರಲ್ಲಿ ಸ್ಕಾಟ್ಲೆಂಡಿನ ಡನ್‌ಫರ್ಮ್ಲಿನ್ ಊರಿನ ನೇಕಾರನ ಮಗನಾಗಿ ಹುಟ್ಟಿ, ಬಾಲಕನಾಗಿ ಅಮೆರಿಕಕ್ಕೆ ವಲಸೆ ಬಂದು, 1901ರಲ್ಲಿ ತನ್ನ ಉಕ್ಕಿನ ಕಂಪನಿಯನ್ನು ಜೆ. ಪಿ. ಮಾರ್ಗನ್‌ಗೆ 48 ಕೋಟಿ ಡಾಲರಿಗೆ ಮಾರಿ, ಉಳಿದ ಆಯುಷ್ಯವನ್ನು ದಾನಧರ್ಮಕ್ಕೆ ಮೀಸಲಿಟ್ಟವನು. ಆತನ ಕಾಗದಪತ್ರಗಳ ದೊಡ್ಡ ಸಂಗ್ರಹ ವಾಷಿಂಗ್ಟನ್ನಿನ ಲೈಬ್ರರಿ ಆಫ್ ಕಾಂಗ್ರೆಸ್‌ನಲ್ಲಿದೆ. ಆತನ ಆತ್ಮಕಥೆ 1920ರಲ್ಲಿ, ಮರಣಾನಂತರ, ಪ್ರಕಟವಾಯಿತು. ತನ್ನ ಜೀವಿತದ ಸಂಗ್ರಹಸಾರವನ್ನು ಲೋಕಕ್ಕೆ ಹಂಚುವ ಮಹಾಕಾರ್ಯವನ್ನು ವಹಿಸಿಕೊಟ್ಟ ಆ ಯುವಕನ ಹೆಸರು ಅದರಲ್ಲಿ ಇಲ್ಲ. ಇತಿಹಾಸಕಾರ ಡೇವಿಡ್ ನಾಸಾ 2006ರಲ್ಲಿ ಕಾರ್ನೆಗಿಯ ಬೃಹತ್ ಜೀವನಚರಿತ್ರೆಯೊಂದನ್ನು ಪ್ರಕಟಿಸಿದರು. ಕಾರ್ನೆಗಿಯ ಪತ್ರವ್ಯವಹಾರವನ್ನು ಅವರಷ್ಟು ಸೂಕ್ಷ್ಮವಾಗಿ ಜಾಲಾಡಿದವರು ಕಡಿಮೆ. ಮ್ಯಾಟ್ ನೋವಾಕ್ ಎಂಬ ಪತ್ರಕರ್ತ ಹಿಲ್‌ನ ಬದುಕನ್ನು ಶೋಧಿಸಿ 2016ರಲ್ಲಿ ಗಿಜ್ಮೋಡೋದಲ್ಲಿ ಬರೆದ ಸುದೀರ್ಘ ಲೇಖನಕ್ಕಾಗಿ ನಾಸಾ ಅವರನ್ನೇ ಕೇಳಿದಾಗ, ಇಬ್ಬರೂ ಎಂದಾದರೂ ಭೇಟಿಯಾಗಿದ್ದರೆಂಬುದಕ್ಕೆ ತಮಗೆ ಯಾವ ಬಗೆಯ ಆಧಾರವೂ ದೊರೆತಿಲ್ಲವೆಂದು ಅವರು ಹೇಳಿದರು.

ಹಿಲ್‌ನ ಅಭಿಮಾನಿಗಳ ಬಳಿ ಇದಕ್ಕೊಂದು ಸಮಾಧಾನವಿದೆ. ದೊಡ್ಡವರು ಹಿಲ್‌ಗೆ ಬರೆದ ಪತ್ರಗಳೂ ಭಾವಚಿತ್ರಗಳೂ ಚಿಕಾಗೋ ನಗರದ ಗೋದಾಮೊಂದಕ್ಕೆ ಬೆಂಕಿ ಬಿದ್ದಾಗ ಸುಟ್ಟುಹೋದವಂತೆ. ಇರಲಿ, ಒಪ್ಪೋಣ. ಆದರೆ ಪತ್ರವ್ಯವಹಾರಕ್ಕೆ ಎರಡು ತುದಿಗಳಿರುತ್ತವೆ. ಒಂದು ತುದಿ ಸುಟ್ಟರೆ ಇನ್ನೊಂದು ತುದಿ ಉಳಿದಿರಬೇಕಲ್ಲವೇ? ಹಿಲ್‌ನ ಮನೆಯ ಪ್ರತಿಗಳು ಬೂದಿಯಾದರೆ ಕಾರ್ನೆಗಿಯ ಕಡತದ ಪ್ರತಿಗಳು ಎಲ್ಲಿ? ಐನೂರು ಮಂದಿ ಗಣ್ಯರ ಪೈಕಿ ಇದ್ದವರು ದಿನಚರಿ ಬರೆದವರು, ಕಾರ್ಯದರ್ಶಿಗಳನ್ನಿಟ್ಟುಕೊಂಡವರು, ಬಂದ ಕಾಗದವನ್ನೂ ಕಳುಹಿಸಿದ ಕಾಗದದ ನಕಲನ್ನೂ ಜೋಪಾನ ಮಾಡಿದವರು. ಇಪ್ಪತ್ತು ವರ್ಷಗಳಲ್ಲಿ ಐನೂರು ಮಂದಿಯೆಂದರೆ ವರ್ಷಕ್ಕೆ ಇಪ್ಪತ್ತೈದು. ಅಸಾಧ್ಯವೇನೂ ಅಲ್ಲ. ಆದರೆ ಅಷ್ಟು ನಡೆದಾಡಿದವನ ಹೆಜ್ಜೆಗುರುತು ಎಲ್ಲೆಡೆ ಕಾಣಬೇಕಿತ್ತು. ಎಡಿಸನ್ ಜೊತೆ ತೆಗೆಸಿಕೊಂಡ ಭಾವಚಿತ್ರವೊಂದು ಉಂಟು, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಒಂದು ಭಾವಚಿತ್ರದಿಂದ ಒಬ್ಬ ವ್ಯಕ್ತಿಯ ಜೊತೆ ನಿಂತದ್ದು ಸಿದ್ಧವಾಗುತ್ತದೆ. ಐನೂರು ಸಂದರ್ಶನಗಳು ಸಿದ್ಧವಾಗುವುದಿಲ್ಲ.

ಇನ್ನೊಂದು ಸಂಗತಿಯನ್ನು ವಿಚಾರವಂತರು ಗಮನಿಸಬೇಕು. ಸಿರಿವಂತಿಕೆಯ ಬಗೆಗೆ ಕಾರ್ನೆಗಿಗೆ ಹೇಳಬೇಕಾದದ್ದು ಇದ್ದಾಗ ಆತ ತಾನೇ ಬರೆಯುತ್ತಿದ್ದ. 1889ರಲ್ಲಿ ಸಂಪತ್ತಿನ ಕುರಿತು ಆತ ಬರೆದ ಪ್ರಬಂಧ ಇಂದಿಗೂ ಪ್ರಸಿದ್ಧ. ವ್ಯಾಪಾರದಲ್ಲಿ ಮುಂದೆ ಬರುವುದು ಹೇಗೆಂದು ತರುಣರಿಗೆ ಹೇಳಿದ ಮಾತುಗಳನ್ನೂ ಒಳಗೊಂಡ 'ದಿ ಎಂಪೈರ್ ಆಫ್ ಬಿಸಿನೆಸ್' ಎಂಬ ಪುಸ್ತಕ 1902ರಲ್ಲೇ ಅಚ್ಚಾಗಿ ಯಾರು ಬೇಕಾದರೂ ಕೊಳ್ಳುವಂತಿತ್ತು. ಇಷ್ಟು ಬಹಿರಂಗವಾಗಿ ಬರೆದವನು ತನ್ನ ಪರಮ ರಹಸ್ಯವನ್ನು ಮಾತ್ರ ಆರು ವರ್ಷಗಳ ನಂತರ ಅಪರಿಚಿತ ತರುಣನೊಬ್ಬನ ಕಿವಿಯಲ್ಲಿ ಉಸುರಿ, ಇಪ್ಪತ್ತು ವರ್ಷ ಬಿಟ್ಟು ಹೇಳೆಂದು ಕಳುಹಿಸಿದನೆಂದರೆ ಅದು ಪುರಾಣದ ಶೈಲಿಯಾಯಿತೇ ಹೊರತು ಆ ಮನುಷ್ಯನ ಶೈಲಿಯಾಗಲಿಲ್ಲ.

ಅದೇ ವರ್ಷಗಳಲ್ಲಿ ಹಿಲ್ ಏನು ಮಾಡುತ್ತಿದ್ದನೆಂಬುದಕ್ಕೆ ಅಂದಿನ ಪತ್ರಿಕೆಗಳೇ ಸಾಕ್ಷಿ ಹೇಳುತ್ತವೆ. 1908ರ ಅಕ್ಟೋಬರ್ ತಿಂಗಳಿನಲ್ಲಿ, ಕಾರ್ನೆಗಿಯ ಭೇಟಿ ನಡೆಯಿತೆನ್ನುವ ಅದೇ ವರ್ಷದಲ್ಲಿ, 'ಪೆನ್ಸಕೋಲಾ ಜರ್ನಲ್' ಪತ್ರಿಕೆ ಅಲಬಾಮಾ ರಾಜ್ಯದ ಮೊಬೈಲ್ ನಗರದಲ್ಲಿ ಹಿಲ್ ಪಾಲುದಾರನಾಗಿದ್ದ ಮರಮುಟ್ಟಿನ ಕಂಪನಿಯ ದಿವಾಳಿ ಮತ್ತು ವಂಚನೆಯ ಆರೋಪವನ್ನು ವರದಿ ಮಾಡಿತು. ಮರವನ್ನು ಸಾಲದ ಮೇಲೆ ಕೊಂಡು, ಕಡಿಮೆ ಬೆಲೆಗೆ ನಗದಿಗೆ ಮಾರಿ, ಸಾಲಗಾರರಿಗೆ ಹಣ ಕೊಡಲಿಲ್ಲವೆಂಬುದು ಆರೋಪ. ಹತ್ತು ವರ್ಷಗಳ ತರುವಾಯ, 1918ರ ಜೂನ್‌ನಲ್ಲಿ, ಚಿಕಾಗೋದಲ್ಲಿ ಆತ ನಡೆಸುತ್ತಿದ್ದ ಜಾರ್ಜ್ ವಾಷಿಂಗ್ಟನ್ ಇನ್‌ಸ್ಟಿಟ್ಯೂಟ್ ಎಂಬ ವಿದ್ಯಾಸಂಸ್ಥೆಯ ಷೇರು ಮಾರಾಟದ ಬಗೆಗೆ ಇಲಿನಾಯ್ ರಾಜ್ಯ ಆತನ ಬಂಧನಕ್ಕೆ ವಾರಂಟು ಹೊರಡಿಸಿದ ಸುದ್ದಿ 'ಚಿಕಾಗೋ ಟ್ರಿಬ್ಯೂನ್' ಪತ್ರಿಕೆಯಲ್ಲಿ ಬಂತು. ಸುಮಾರು 1,200 ಡಾಲರ್ ಬೆಲೆಯ ಆಸ್ತಿಯನ್ನಿಟ್ಟುಕೊಂಡು 1,00,000 ಡಾಲರ್ ಬಂಡವಾಳದ ಲೆಕ್ಕದಲ್ಲಿ ಷೇರು ಮಾರಲು ಹೊರಟನೆಂಬುದು ಅಲ್ಲಿಯ ಆರೋಪ. ಆರೋಪ ಬೇರೆ, ಅಪರಾಧ ಬೇರೆ. ಆ ಭೇದವನ್ನು ನಾನು ಮರೆಯುವುದಿಲ್ಲ. ಆದರೆ 'ಇಪ್ಪತ್ತು ವರ್ಷ ಸಂಬಳವಿಲ್ಲದೆ ಸಿರಿವಂತರ ರಹಸ್ಯವನ್ನು ಅಭ್ಯಸಿಸಿದ ತಪಸ್ವಿ' ಎಂಬ ಚಿತ್ರವನ್ನು ಮಾರುವವರು ಈ ಪುಟಗಳನ್ನು ಏಕೆ ಹಾರಿಸಿಬಿಡುತ್ತಾರೆಂದು ಕೇಳುವ ಹಕ್ಕು ಓದುಗನಿಗಿದೆ.

ಈಗ ಮಾರಾಟದ ಅಂಕಿಗೆ ಬರೋಣ. ಹಿಲ್ ತೀರಿಕೊಂಡ 1970ರ ಹೊತ್ತಿಗೆ 'ಥಿಂಕ್ ಅಂಡ್ ಗ್ರೋ ರಿಚ್' ಎರಡು ಕೋಟಿ ಪ್ರತಿ ಮಾರಾಟವಾಗಿತ್ತೆಂದು ಒಂದು ಲೆಕ್ಕ. 2015ರ ಹೊತ್ತಿಗೆ ಹತ್ತು ಕೋಟಿ ದಾಟಿತೆಂದು ಇನ್ನೊಂದು ಲೆಕ್ಕ. 2015ರ ಹೊತ್ತಿಗೆ ಒಂದೂವರೆ ಕೋಟಿಗೂ ಹೆಚ್ಚು ಎಂದು ಮತ್ತೊಂದು ಲೆಕ್ಕ. ಬೇರೆ ಬೇರೆ ಮುದ್ರಣಗಳ ರಕ್ಷಾಪುಟಗಳನ್ನು ಅಕ್ಕಪಕ್ಕ ಇಟ್ಟು ನೋಡಿದರೆ ಬೇರೆ ಬೇರೆ ಸಂಖ್ಯೆಗಳೇ ಕಾಣುತ್ತವೆ. 1970ರಲ್ಲಿ ಎರಡು ಕೋಟಿಯಾಗಿದ್ದುದು 2015ರಲ್ಲಿ ಒಂದೂವರೆ ಕೋಟಿಯಾಗುವುದಾದರೆ, ಕೊಂಡವರಲ್ಲಿ ಐವತ್ತು ಲಕ್ಷ ಮಂದಿ ಪುಸ್ತಕವನ್ನು ಹಿಂದಿರುಗಿಸಿ ಹಣ ಪಡೆದರೇ? ನನ್ನ ಎಂಟನೆಯ ತರಗತಿಯ ಹುಡುಗನೊಬ್ಬ ಉತ್ತರಪತ್ರಿಕೆಯಲ್ಲಿ ಹೀಗೆ ಬರೆದಿದ್ದರೆ ಕೆಂಪು ಶಾಯಿಯಲ್ಲಿ ಅಡಿಗೆರೆ ಎಳೆದು 'ಲೆಕ್ಕ ಸರಿನೋಡು' ಎಂದು ಬರೆಯುತ್ತಿದ್ದೆ. ದೊಡ್ಡ ಪ್ರಕಾಶಕರಿಗೆ ಆ ಕೆಂಪು ಶಾಯಿಯನ್ನು ಯಾರು ಹಚ್ಚುತ್ತಾರೆ?

ಹತ್ತು ಕೋಟಿಯ ಲೆಕ್ಕವನ್ನೇ ಹಿಡಿಯೋಣ. 1970ರಿಂದ 2015ರವರೆಗಿನ 45 ವರ್ಷಗಳಲ್ಲಿ ಎಂಟು ಕೋಟಿ ಪ್ರತಿಗಳು ಖರ್ಚಾಗಬೇಕು. ಎಂದರೆ ವರ್ಷಕ್ಕೆ ಸುಮಾರು 17 ಲಕ್ಷ 78 ಸಾವಿರ, ದಿನಕ್ಕೆ ಸುಮಾರು 4,870. ಭಾನುವಾರವಿಲ್ಲ, ಹಬ್ಬವಿಲ್ಲ, ಒಂದು ದಿನವೂ ಬಿಡದೆ 45 ವರ್ಷ. ಇದು ಆಗಲಾರದ್ದೆಂದು ನಾನು ವಾದಿಸುವುದಿಲ್ಲ. ಆಗಿದ್ದರೆ ಅದರ ಲೆಕ್ಕಪುಸ್ತಕ ಎಲ್ಲಿ ಎಂದಷ್ಟೇ ಕೇಳುತ್ತೇನೆ.

ಇಂಥ ಲೆಕ್ಕ ಇಡುವುದು ಏಕೆ ಕಷ್ಟವೆಂಬುದನ್ನೂ ತಿಳಿದಿರಬೇಕು. ಪುಸ್ತಕದಂಗಡಿಯ ಗಲ್ಲಾಪೆಟ್ಟಿಗೆಯಿಂದಲೇ ಮಾರಾಟವನ್ನು ಎಣಿಸುವ ನೀಲ್ಸನ್ ಬುಕ್‌ಸ್ಕ್ಯಾನ್ ವ್ಯವಸ್ಥೆ ಅಮೆರಿಕದಲ್ಲಿ ಆರಂಭವಾದದ್ದು 2001ರಲ್ಲಿ. ಭಾರತಕ್ಕೆ ಬಂದದ್ದು 2010ರಲ್ಲಿ. ಅದು ಕೂಡ ಎಲ್ಲ ಅಂಗಡಿಗಳನ್ನೂ ಮುಟ್ಟುವುದಿಲ್ಲ, ಪಾದಚಾರಿ ಮಾರ್ಗದ ವ್ಯಾಪಾರಿಯನ್ನಂತೂ ಇಲ್ಲವೇ ಇಲ್ಲ. 1937ರಿಂದ ಆವರೆಗಿನ ಅರವತ್ತಕ್ಕೂ ಹೆಚ್ಚು ವರ್ಷಗಳಿಗೆ ಪ್ರಕಾಶಕರ ಮಾತೇ ಪ್ರಮಾಣ. ಅಚ್ಚಾದ ಪ್ರತಿ, ಅಂಗಡಿಗೆ ಕಳುಹಿಸಿದ ಪ್ರತಿ, ನಿಜವಾಗಿ ಮಾರಾಟವಾದ ಪ್ರತಿ, ಉಚಿತವಾಗಿ ಹಂಚಿದ ಪ್ರತಿ ಇವೆಲ್ಲವೂ ಬೇರೆ ಬೇರೆ. ಒಂದೇ ಪುಸ್ತಕವನ್ನು ಹಲವು ದೇಶಗಳಲ್ಲಿ ಹಲವು ಪ್ರಕಾಶಕರು ಅಚ್ಚು ಹಾಕುವಾಗ, ಕಳ್ಳಪ್ರತಿಗಳೂ ಸೇರಿಕೊಂಡಾಗ, ಒಟ್ಟು ಮೊತ್ತವನ್ನು ಯಾರು ಕೂಡಿದರು? ಅಂಕಿ ದೊಡ್ಡದಾದಷ್ಟೂ ಅದನ್ನು ಎಣಿಸಿದವನ ಹೆಸರು ಮಾಯವಾಗುತ್ತದೆ.

ಈ ವಿಷಯದಲ್ಲಿ ನಮ್ಮ ಕನ್ನಡ ಪ್ರಕಾಶಕರ ಪದ್ಧತಿ ಎಷ್ಟೋ ಮೇಲು. ಪುಸ್ತಕದ ಒಳಪುಟವನ್ನು ತೆರೆದು ನೋಡಿ: 'ಮೊದಲ ಮುದ್ರಣ, ಪ್ರತಿಗಳು: 1000' ಎಂದು ಸಂಕೋಚವಿಲ್ಲದೆ ಅಚ್ಚು ಹಾಕಿರುತ್ತಾರೆ. ಬಳಸಿದ ಕಾಗದ, ಪುಟಗಳ ಸಂಖ್ಯೆ, ಮುದ್ರಣಾಲಯದ ಹೆಸರು ಎಲ್ಲವೂ ಇರುತ್ತವೆ. ಸಾವಿರವೆಂದು ಪ್ರಾಮಾಣಿಕವಾಗಿ ಬರೆದುಕೊಳ್ಳುವ ಕನ್ನಡದ ಬಡ ಪುಸ್ತಕವನ್ನು ಕಡೆಗಣಿಸಿ, ಕೋಟಿಯೆಂದು ಆಧಾರವಿಲ್ಲದೆ ಕೂಗುವ ಪುಸ್ತಕಕ್ಕೆ ಕೈಮುಗಿಯುವ ನಮ್ಮ ಜಾಯಮಾನಕ್ಕೆ ಏನೆನ್ನಬೇಕು?

ಇಷ್ಟು ಹೇಳಿದೊಡನೆ ಬರುವ ಮೊದಲ ಆಕ್ಷೇಪಣೆ ನನಗೆ ಗೊತ್ತು. "ಮೇಷ್ಟ್ರೇ, ಪುಸ್ತಕದೊಳಗಿನ ವಿಷಯ ಒಳ್ಳೆಯದಾಗಿದ್ದರೆ ಸಾಲದೇ? ಬರೆದವನ ಜಾತಕ ನಮಗೇಕೆ? ಪಂಚತಂತ್ರದ ಕಾಗೆ, ನರಿ ಮಾತಾಡಿದ್ದು ನಿಜವೇ? ಆದರೂ ನೀತಿ ಕಲಿಯುವುದಿಲ್ಲವೇ?" ಎಂದು ಕೇಳುತ್ತಾರೆ. ಪ್ರಶ್ನೆ ಚೆನ್ನಾಗಿದೆ. ಉತ್ತರವೂ ಸರಳವಾಗಿದೆ. ತನ್ನ ನರಿ ನಿಜವಾಗಿ ಮಾತಾಡಿತೆಂದು ಪಂಚತಂತ್ರ ಎಂದೂ ಪ್ರಮಾಣ ಮಾಡಲಿಲ್ಲ. ಹಿಲ್‌ನ ಪುಸ್ತಕ ನಿಂತಿರುವುದೇ 'ಇದು ನನ್ನ ಅಭಿಪ್ರಾಯವಲ್ಲ, ಐನೂರು ಸಿರಿವಂತರ ಅನುಭವದಿಂದ ಇಪ್ಪತ್ತು ವರ್ಷ ಆಯ್ದ ಫಲ' ಎಂಬ ಪ್ರಮಾಣದ ಮೇಲೆ. ಐನೂರು ರೋಗಿಗಳ ಮೇಲೆ ಪ್ರಯೋಗಿಸಿ ನೋಡಿದ ಔಷಧವೆಂದು ಸೀಸೆಯ ಮೇಲೆ ಬರೆದಿದ್ದು, ಆ ಐನೂರು ರೋಗಿಗಳೇ ಇರಲಿಲ್ಲವೆಂದಾದರೆ, 'ಔಷಧ ಸಿಹಿಯಾಗಿದೆಯಲ್ಲ' ಎಂದು ಕುಡಿಯುತ್ತೀರಾ? ಆ ಪ್ರಮಾಣ ಕಳಚಿ ಬಿದ್ದರೆ ಉಳಿಯುವುದು, ಸ್ವಂತ ವ್ಯಾಪಾರಗಳಲ್ಲಿ ಮತ್ತೆ ಮತ್ತೆ ಸೋತ ಒಬ್ಬ ಮನುಷ್ಯನ ವೈಯಕ್ತಿಕ ಅಭಿಪ್ರಾಯ. ಅದನ್ನೂ ಓದಬಹುದು. ಆದರೆ ಅದೇ ಹೆಸರಿಟ್ಟು ಓದಬೇಕು.

ಎರಡನೆಯ ಆಕ್ಷೇಪಣೆ: "ಭೇಟಿಯಾಗಲಿಲ್ಲವೆಂದು ನೀವು ಸಿದ್ಧಪಡಿಸಿದ್ದೀರಾ?" ಇಲ್ಲ. ಸಿದ್ಧಪಡಿಸುವ ಹೊಣೆ ನನ್ನದಲ್ಲ. ಹೊಲ ನನ್ನದೆಂದು ಹೇಳುವವನು ಪಹಣಿ ತೋರಿಸಬೇಕೇ ಹೊರತು, ನಿನ್ನದಲ್ಲವೆಂದು ಸಿದ್ಧಪಡಿಸೆಂದು ನೆರೆಯವನನ್ನು ಕೇಳುವಂತಿಲ್ಲ. ನಮ್ಮ ನ್ಯಾಯಶಾಸ್ತ್ರಕಾರರು ಶಬ್ದವನ್ನು ಪ್ರಮಾಣವೆಂದು ಒಪ್ಪಿದ್ದು ನಿಜ, ಆದರೆ ಅದು ಆಪ್ತನ ಮಾತಾಗಿರಬೇಕೆಂದು ಕಟ್ಟುಪಾಡು ಹಾಕಿದರು. ತನ್ನ ಸರಕಿನ ಬಗೆಗೆ ಮಾತಾಡುವ ವ್ಯಾಪಾರಿ ಆಪ್ತನಲ್ಲ. ತನ್ನ ಮಜ್ಜಿಗೆ ಹುಳಿಯೆಂದು ಯಾವ ಗೊಲ್ಲತಿಯೂ ಹೇಳಿದ್ದಿಲ್ಲ. ತಾಮ್ರಪಟದ ಮೇಲೆ ಕೊರೆದಿದ್ದರೂ ಇತಿಹಾಸಕಾರರು ಕಣ್ಣುಮುಚ್ಚಿ ನಂಬುವುದಿಲ್ಲ. ಗಂಗರ ಹೆಸರಿನಲ್ಲಿ ದೊರೆತ ಎಷ್ಟೋ ತಾಮ್ರಶಾಸನಗಳನ್ನು ಫ್ಲೀಟ್ ಅವರು ಕೂಟಶಾಸನಗಳೆಂದು ವಾದಿಸಿದರು, ರೈಸ್ ಅವರು ಅದನ್ನು ಒಪ್ಪದೆ ಪ್ರತಿವಾದ ಹೂಡಿದರು. ಲಿಪಿಯ ಕಾಲ, ತಿಥಿವಾರಗಳ ಹೊಂದಾಣಿಕೆ, ವಂಶಾವಳಿ ಹೀಗೆ ಒಂದೊಂದನ್ನೂ ಮುಂದಿಟ್ಟುಕೊಂಡು ನಡೆದ ಚರ್ಚೆಯದು. ರಾಜರ ತಾಮ್ರಪಟಕ್ಕೇ ಇಲ್ಲದ ವಿನಾಯಿತಿ ರಕ್ಷಾಪುಟಕ್ಕೆ ಏಕೆ?

ಮೂರನೆಯ ಆಕ್ಷೇಪಣೆ: "ಅದರಿಂದ ಯಾರಿಗೆ ನಷ್ಟ?" ಈ ಪ್ರಶ್ನೆಗೆ ಉತ್ತರಿಸಲೆಂದೇ ನಾನು ಲೇಖನಿ ಹಿಡಿದದ್ದು.

ನನ್ನಲ್ಲಿ ಓದಿದ ಹುಡುಗನೊಬ್ಬ, ಹೆಸರು ಬೇಡ, ಲೆಕ್ಕದಲ್ಲಿ ಜಾಣ, ಗುಣದಲ್ಲಿ ಸಾಧು. ಪದವಿ ಮುಗಿಸಿ ಸರಪಳಿ ವ್ಯಾಪಾರದ ತಂಡವೊಂದನ್ನು ಸೇರಿದ. ಪ್ರತಿ ಭಾನುವಾರ ಒಂದು ಕಲ್ಯಾಣಮಂಟಪದಲ್ಲಿ ಸಭೆ, ವೇದಿಕೆಯ ಮೇಲೆ ಇದೇ ಪುಸ್ತಕ, ಟೈ ಕಟ್ಟಿದ ಭಾಷಣಕಾರರಿಂದ ಕಾರ್ನೆಗಿಯ ನಿಲುಗಡಿಯಾರದ ಕಥೆ. 'ಇಪ್ಪತ್ತೊಂಬತ್ತು ಸೆಕೆಂಡಿನಲ್ಲಿ ನಿರ್ಧರಿಸಿದವನು ಚರಿತ್ರೆ ಬರೆದ, ನೀವು ಮನೆಗೆ ಹೋಗಿ ಅಪ್ಪನನ್ನು ಕೇಳುತ್ತೇನೆ ಎನ್ನುತ್ತೀರಿ' ಎಂದು ಹೀಯಾಳಿಸುತ್ತಿದ್ದರಂತೆ. ಹುಡುಗ ಅಪ್ಪನನ್ನು ಕೇಳದೆಯೇ ಸಹಿ ಹಾಕಿದ. ತಂದೆ ತಂಗಿಯ ಮದುವೆಗೆಂದು ಕೂಡಿಟ್ಟ ಹಣ ಹೋಯಿತು, ನೆಂಟರಿಷ್ಟರಿಂದ ಕಟ್ಟಿಸಿಕೊಂಡ ಹಣವೂ ಹೋಯಿತು. ಹೋದ ಹಣಕ್ಕಿಂತ ನನ್ನನ್ನು ನೋಯಿಸಿದ್ದು ಆತನ ಒಂದು ಮಾತು: "ನನ್ನ ಇಚ್ಛೆಯೇ ಸಾಕಾಗಲಿಲ್ಲ ಸರ್. ಅಷ್ಟು ತೀವ್ರವಾಗಿ ನಾನು ಬಯಸಲಿಲ್ಲ." ಮೋಸ ಹೋದವನು ಮೋಸ ಮಾಡಿದವರನ್ನು ದೂರುವ ಬದಲು ತನ್ನ ಮನಸ್ಸನ್ನೇ ದೂರುತ್ತಿದ್ದ!

ಇದು ಆಕಸ್ಮಿಕವಲ್ಲ. ಪುಸ್ತಕದ ರಚನೆಯಲ್ಲೇ ಈ ಉಪಾಯವಿದೆ. ಸಿರಿವಂತಿಕೆಗೆ ಹದಿಮೂರು ಮೆಟ್ಟಿಲುಗಳನ್ನು ಹೇಳುವ ಈ ಗ್ರಂಥದ ಮುನ್ನುಡಿಯಲ್ಲಿ, ಕಾರ್ನೆಗಿಯ ರಹಸ್ಯವನ್ನು ಪುಸ್ತಕದುದ್ದಕ್ಕೂ ನೂರಕ್ಕೆ ಕಡಿಮೆಯಿಲ್ಲದಂತೆ ಪ್ರಸ್ತಾಪಿಸಿದ್ದೇನೆ, ಆದರೆ ನೇರವಾಗಿ ಹೆಸರಿಸಿಲ್ಲ, ಸಿದ್ಧರಾದವರಿಗೆ ಅದು ತಾನಾಗಿ ಕಾಣುತ್ತದೆ ಎಂಬ ಅರ್ಥದ ಮಾತಿದೆ. ಪುಣ್ಯವಂತರ ಕಣ್ಣಿಗೆ ಮಾತ್ರ ಕಾಣುವ ವಸ್ತ್ರವನ್ನು ರಾಜನಿಗೆ ತೊಡಿಸಿದ ನೇಕಾರರ ಕಥೆ ನೆನಪಾಗುವುದಿಲ್ಲವೇ? ಕಂಡರೆ ಪುಸ್ತಕದ ಹಿರಿಮೆ, ಕಾಣದಿದ್ದರೆ ನಿನ್ನ ದೋಷ. ಗೆದ್ದರೆ ಗುರುವಿನ ಪ್ರಭಾವ, ಸೋತರೆ ಶಿಷ್ಯನ ಇಚ್ಛೆಯ ಕೊರತೆ. ಹೀಗೆ ಎಂದಿಗೂ ತಪ್ಪಾಗದಂತೆ ಕಟ್ಟಿದ ಸಿದ್ಧಾಂತ ಎಂದಿಗೂ ಪರೀಕ್ಷೆಗೆ ನಿಲ್ಲುವುದಿಲ್ಲ.

ಮತ್ತು ಈ ಕಥೆ ನಿಜವಾದ ಇತಿಹಾಸವನ್ನು ಮರೆಮಾಡುತ್ತದೆ. ಕಾರ್ನೆಗಿಯ ಸಂಪತ್ತು ಬರಿಯ ಬಯಕೆಯಿಂದ ಬೆಳೆಯಲಿಲ್ಲ. ಹೊಸ ಉಕ್ಕು ತಯಾರಿಕೆಯ ವಿಧಾನ, ರೈಲುಮಾರ್ಗಗಳ ವಿಸ್ತರಣೆ, ಆಮದು ಸುಂಕದ ರಕ್ಷಣೆ, ವೆಚ್ಚದ ಮೇಲಿನ ಕಟ್ಟುನಿಟ್ಟು, ಕೂಲಿಕಾರರ ಬೆವರು ಎಲ್ಲವೂ ಅದರಲ್ಲಿವೆ. 1892ರಲ್ಲಿ ಹೋಮ್‌ಸ್ಟೆಡ್ ಕಾರ್ಖಾನೆಯಲ್ಲಿ ಕೂಲಿ ಕಡಿತವನ್ನು ವಿರೋಧಿಸಿ ಕಾರ್ಮಿಕರು ನಿಂತಾಗ ಕಾರ್ನೆಗಿ ಸ್ಕಾಟ್ಲೆಂಡಿನಲ್ಲಿದ್ದ, ಹೊಣೆ ಹೊತ್ತಿದ್ದವನು ಹೆನ್ರಿ ಫ್ರಿಕ್. ಜುಲೈ 6ರಂದು ಸುಮಾರು ಮುನ್ನೂರು ಮಂದಿ ಪಿಂಕರ್ಟನ್ ಕಾವಲುಗಾರರು ನದಿಯ ಮೂಲಕ ಬಂದಿಳಿಯಲೆತ್ನಿಸಿದಾಗ ಗುಂಡಿನ ಕಾಳಗವೇ ನಡೆದು ಎರಡೂ ಕಡೆಯವರು ಸತ್ತರು. ಆಮೇಲೆ ರಾಜ್ಯದ ಸೈನ್ಯ ಬಂತು, ಕಾರ್ಮಿಕ ಸಂಘ ಮುರಿದುಬಿತ್ತು. ಅದೇ ಕಾರ್ನೆಗಿ ಮುಂದೆ ಎರಡೂವರೆ ಸಾವಿರಕ್ಕೂ ಹೆಚ್ಚು ಗ್ರಂಥಾಲಯಗಳಿಗೆ ಹಣ ಕೊಟ್ಟ. ಇವೆರಡೂ ಸತ್ಯ. ಈ ಜಟಿಲ ಮನುಷ್ಯನನ್ನು ಕೈಯಲ್ಲಿ ನಿಲುಗಡಿಯಾರ ಹಿಡಿದ ಬೊಂಬೆಯನ್ನಾಗಿ ಮಾಡಿದಾಗ, ಸಂಪತ್ತು ಹೇಗೆ ಹುಟ್ಟುತ್ತದೆ, ಅದಕ್ಕಾಗಿ ಯಾರು ಬೆಲೆ ತೆರುತ್ತಾರೆ ಎಂದು ಕೇಳುವ ಶಕ್ತಿಯನ್ನೇ ನಮ್ಮ ಮಕ್ಕಳಿಂದ ಕಿತ್ತುಕೊಂಡಂತಾಗುತ್ತದೆ.

ನಾನು ಪರೀಕ್ಷಿಸಿರೆಂದು ಹೇಳುವುದು ಬೈಯುವುದಕ್ಕಾಗಿ ಅಲ್ಲ. ಪರೀಕ್ಷೆ ಲೇಖಕನ ಮಾನವನ್ನು ಉಳಿಸುವುದೂ ಉಂಟು. 1936ರಲ್ಲಿ 'ಹೌ ಟು ವಿನ್ ಫ್ರೆಂಡ್ಸ್ ಅಂಡ್ ಇನ್‌ಫ್ಲುಯೆನ್ಸ್ ಪೀಪಲ್' ಬರೆದ ಡೇಲ್ ಕಾರ್ನೆಗಿ ಆತ್ಮಹತ್ಯೆ ಮಾಡಿಕೊಂಡನೆಂಬ ವದಂತಿಯನ್ನು ನಮ್ಮಲ್ಲಿ ಅನೇಕರು ತಲೆದೂಗುತ್ತ ಹೇಳುತ್ತಾರೆ. ಅದು ಸುಳ್ಳು. ಆತ 1955ರ ನವೆಂಬರ್ 1ರಂದು ಹಾಜ್ಕಿನ್ ಎಂಬ ಕಾಯಿಲೆಯಿಂದ ತೀರಿಕೊಂಡ. ಉಕ್ಕಿನ ದೊರೆಗೂ ಆತನಿಗೂ ನೆಂಟಸ್ತನವೂ ಇರಲಿಲ್ಲ. ತನ್ನ ಕುಲನಾಮದ ಕಾಗುಣಿತವನ್ನು ತಾನೇ ತಿದ್ದಿಕೊಂಡಿದ್ದ. ಹಾಗೆಯೇ, 1835ರ ಫೆಬ್ರವರಿ 2ರಂದು ಬ್ರಿಟಿಷ್ ಸಂಸತ್ತಿನಲ್ಲಿ ಮೆಕಾಲೆ ಮಾಡಿದನೆನ್ನಲಾಗುವ ಭಾಷಣವೊಂದು ಎಷ್ಟೋ ಶಾಲೆಗಳ ಗೋಡೆಯ ಮೇಲೆ ರಾರಾಜಿಸುತ್ತದೆ. ಆ ದಿನ ಮೆಕಾಲೆ ಲಂಡನ್ನಿನಲ್ಲಿರಲಿಲ್ಲ, ಭಾರತದಲ್ಲಿದ್ದ. ಇಷ್ಟನ್ನು ತಿಳಿಯಲು ಪಾಂಡಿತ್ಯ ಬೇಡ, ಎರಡು ದಿನಾಂಕಗಳನ್ನು ಪಕ್ಕಪಕ್ಕದಲ್ಲಿಡುವ ತಾಳ್ಮೆ ಸಾಕು. ನಮಗೆ ಇಷ್ಟವಾದ ಸುಳ್ಳನ್ನೂ ಇಷ್ಟವಾಗದ ಸುಳ್ಳನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದೇ ವಿದ್ಯಾವಂತನ ಲಕ್ಷಣ.

ಆದುದರಿಂದ ಕಾಲೇಜುಗಳ ಪ್ರಾಚಾರ್ಯರಲ್ಲಿ, ಸಹೋದ್ಯೋಗಿ ಶಿಕ್ಷಕರಲ್ಲಿ, ತಂದೆತಾಯಿಗಳಲ್ಲಿ ನನ್ನ ಬಿನ್ನಹವಿಷ್ಟೇ. ಪ್ರೇರಣೆಯ ಭಾಷಣಕಾರರನ್ನು ಕರೆಸಿರಿ, ಬೇಡವೆನ್ನುವುದಿಲ್ಲ. ಆದರೆ ಭಾಷಣ ಮುಗಿದ ಬಳಿಕ ಮಕ್ಕಳಿಗೆ ಐದು ಪ್ರಶ್ನೆ ಕೇಳುವ ಅವಕಾಶ ಕೊಡಿ. ಈ ಸಂಗತಿಯನ್ನು ಮೊದಲು ಹೇಳಿದವರು ಯಾರು? ಅದು ನಡೆದ ಎಷ್ಟು ವರ್ಷಗಳ ಮೇಲೆ ಹೇಳಿದರು? ಹೇಳಿದವರಿಗೆ ಅದರಿಂದ ಲಾಭವಿತ್ತೇ? ಹೇಳಿದವರನ್ನು ಬಿಟ್ಟು ಬೇರೊಬ್ಬ ಸಾಕ್ಷಿಯುಂಟೇ? ಈ ಅಂಕಿಯನ್ನು ಎಣಿಸಿದವರು ಯಾರು, ಹೇಗೆ ಎಣಿಸಿದರು? ಐದೂ ಪ್ರಶ್ನೆಗೆ ಉತ್ತರ ಬಂದರೆ ಚಪ್ಪಾಳೆ ತಟ್ಟೋಣ. ಬಾರದಿದ್ದರೆ ಭಾಷಣಕಾರರಿಗೆ ಕಾಫಿ ಕೊಟ್ಟು, ಹಾರ ಹಾಕಿ, ಗೌರವದಿಂದಲೇ ಕಳುಹಿಸೋಣ. ಆದರೆ ಅವರು ಹೇಳಿದ್ದನ್ನು ಮಕ್ಕಳ ಟಿಪ್ಪಣಿ ಪುಸ್ತಕದಲ್ಲಿ ಸತ್ಯವೆಂದು ಬರೆಸುವುದು ಬೇಡ.

ಹಿಂದಿನ ದಿನಗಳಲ್ಲಿ ಅಮೆರಿಕದ ನೂರು ವರ್ಷ ಹಳೆಯ ಪತ್ರಿಕೆಯನ್ನು ನಮ್ಮೂರಿನ ಮೇಷ್ಟ್ರು ನೋಡುವುದು ಕನಸಿನ ಮಾತಾಗಿತ್ತು. ಈಗ ಲೈಬ್ರರಿ ಆಫ್ ಕಾಂಗ್ರೆಸ್ ಹಳೆಯ ಪತ್ರಿಕೆಗಳ ಅಸಂಖ್ಯ ಪುಟಗಳನ್ನು ಅಂತರ್ಜಾಲದಲ್ಲಿ ಉಚಿತವಾಗಿ ತೆರೆದಿಟ್ಟಿದೆ. ಮನೆಯ ಜಗುಲಿಯಲ್ಲಿ ಕುಳಿತು 1908ರ ಪುಟವನ್ನು ಓದಬಹುದು. ಸುಳ್ಳು ಹರಡಲು ನೆರವಾದ ಅದೇ ಸಾಧನ ಸುಳ್ಳನ್ನು ಹಿಡಿಯಲೂ ನೆರವಾಗುತ್ತದೆ. ನೋಡುವ ಮನಸ್ಸು ಮಾತ್ರ ನಮ್ಮದಾಗಬೇಕು.

ಬಡತನದಲ್ಲಿ ಹುಟ್ಟಿದ ಮಕ್ಕಳಿಗೆ ಭರವಸೆ ಬೇಕು, ನಿಜ. ಆ ಭರವಸೆಯನ್ನು ಕೂಟಶಾಸನದ ಮೇಲೆ ಕಟ್ಟಬಾರದು. ದುಡಿಮೆಗೆ ತಕ್ಕ ಫಲ ಸಿಗದಿದ್ದಾಗ 'ನನ್ನ ಇಚ್ಛೆ ಸಾಲದು' ಎಂದು ತನ್ನನ್ನೇ ಹಳಿದುಕೊಳ್ಳುವ ಯುವಕನಿಗಿಂತ, 'ಈ ಲೆಕ್ಕ ಸರಿಯಿಲ್ಲ, ತೋರಿಸಿ' ಎಂದು ಎದ್ದುನಿಂತು ಕೇಳುವ ಯುವಕನೇ ನಾಳೆ ತನ್ನ ಮನೆಯನ್ನೂ ಊರನ್ನೂ ಕಾಪಾಡುತ್ತಾನೆ. ಅಂಥವರನ್ನು ತಯಾರು ಮಾಡುವುದೇ ಶಾಲೆಯ ಕೆಲಸ. ಉಳಿದದ್ದು ಅಂತೆ ಕಂತೆಗಳ ಸಂತೆ, ಅದು ನಮ್ಮ ನೆರವಿಲ್ಲದೆಯೂ ನಡೆಯುತ್ತದೆ.